ಗೊತ್ತಿದ್ದೇ ಹೋದವನ ಸಾವಿಗೆ ಹೊಣೆ ಯಾರು?

ಅಪಾಯದ ಕೆಲಸದಲ್ಲಿ ಯಾರಾದರೂ ಸತ್ತರೆ ಮೊದಲು ಕೇಳಿಬರುವ ಮಾತು 'ಗೊತ್ತಿದ್ದೇ ಹೋದ' ಎನ್ನುವುದು. ಈ ಮಾತಿನಲ್ಲಿ ಅರ್ಧ ಗೌರವವಿದ್ದರೆ ಅರ್ಧ ಜಾರಿಕೆಯಿದೆ. ಸತ್ತವನ ಧೈರ್ಯವನ್ನು ಹೊಗಳುತ್ತಲೇ, ಬದುಕಿರುವವರ ಮೇಲೆ ಯಾವ ಋಣವೂ ಉಳಿಯದಂತೆ ಅದು ನೋಡಿಕೊಳ್ಳುತ್ತದೆ. ಗಣಿಗೆ ಇಳಿದವನು, ಪರ್ವತ ಹತ್ತಿದವನು, ಕಾರ್ ರೇಸಿನಲ್ಲಿ ಸ್ಟೀರಿಂಗ್ ಹಿಡಿದವನು, ಎಲ್ಲರಿಗೂ ಇದೇ ಮಾತು ಸಲ್ಲುತ್ತದೆ. ಆದರೆ ಅಪಾಯಕ್ಕೆ ಒಪ್ಪಿದವನು ನಿಜಕ್ಕೂ ಒಪ್ಪಿದ್ದು ಏನಕ್ಕೆ? ಅವನ ಒಪ್ಪಿಗೆ ಆ ಅಪಾಯವನ್ನು ಏರ್ಪಡಿಸಿದವರ ಹೊಣೆಯನ್ನೂ ಕಳೆಯುತ್ತದೆಯೆ? ಈ ಪ್ರಶ್ನೆಯನ್ನು ಕೇವಲ ತತ್ತ್ವವಾಗಿ ಚರ್ಚಿಸಿದರೆ ಎರಡೂ ಕಡೆ ಒಳ್ಳೆಯ ಮಾತುಗಳೇ ಸಿಗುತ್ತವೆ. ಒಬ್ಬ ಮನುಷ್ಯನ ವೃತ್ತಿಜೀವನವನ್ನು ಮುಂದಿಟ್ಟುಕೊಂಡರೆ ಉತ್ತರ ಹೆಚ್ಚು ಖಚಿತವಾಗುತ್ತದೆ. 1950ರ ದಶಕದ ಅಮೆರಿಕದಲ್ಲಿ, ಚಕ್ರಗಳಿಗೆ ಮುಚ್ಚಿಗೆಯಿಲ್ಲದ ರೇಸ್ ಕಾರುಗಳನ್ನು ಓಡಿಸುವುದರಲ್ಲಿ ಎತ್ತಿದ ಕೈ ಎನಿಸಿಕೊಂಡಿದ್ದ ಬಿಲ್ ವೂಕೊವಿಚ್ ಅಂಥ ಒಬ್ಬ ಮನುಷ್ಯ.

ಯುಗೊಸ್ಲಾವಿಯಾ ಕಡೆಯಿಂದ ವಲಸೆ ಬಂದ ರೈತ ಕುಟುಂಬದ ಮಗ ಅವನು. ಕ್ಯಾಲಿಫೋರ್ನಿಯಾದ ಫ್ರೆಸ್ನೊ ಅವನ ಊರು. ಮಿಜೆಟ್ ಎಂದು ಕರೆಯುವ ಪುಟ್ಟ ರೇಸ್ ಕಾರುಗಳಲ್ಲಿ ಪಳಗಿ 1950ರಲ್ಲಿ ಆ ವರ್ಗದ ರಾಷ್ಟ್ರೀಯ ಚಾಂಪಿಯನ್ ಆದ. ಮರುವರ್ಷ ಇಂಡಿಯಾನಾಪೊಲಿಸ್ 500 ರೇಸಿಗೆ ಬಂದ. ಎರಡೂವರೆ ಮೈಲಿಯ ಟ್ರ್ಯಾಕ್, 200 ಸುತ್ತು, 500 ಮೈಲಿ. ಐದು ವರ್ಷಗಳಲ್ಲಿ ಅವನು ಅಲ್ಲಿ ಓಡಿಸಿದ್ದು ಒಟ್ಟು 676 ಸುತ್ತು, ಅದರಲ್ಲಿ 485 ಸುತ್ತುಗಳಲ್ಲಿ ಎಲ್ಲರಿಗಿಂತ ಮುಂದಿದ್ದ. ನೂರಕ್ಕೆ ಎಪ್ಪತ್ತಕ್ಕೂ ಮೀರಿದ ಈ ಪಾಲನ್ನು ನೋಡಿದಾಗ, ಗೆದ್ದದ್ದು ಎರಡೇ ಸಲ ಎಂಬುದು ಸಣ್ಣ ಸಂಗತಿಯಾಗಿ ಕಾಣುತ್ತದೆ. ಹೊರಗಿನಿಂದ ನೋಡಿದವರು ಅವನನ್ನು ಹುಚ್ಚು ಸಾಹಸಿ ಎಂದರು, ಸರ್ಬಿಯನ್ ಮೂಲದವನಿಗೆ 'ಹುಚ್ಚು ರಷ್ಯನ್' ಎಂಬ ತಪ್ಪು ಅಡ್ಡಹೆಸರನ್ನೂ ಅಂಟಿಸಿದರು. ಅವನ ಓಟಗಳನ್ನು ಹತ್ತಿರದಿಂದ ನೋಡಿದರೆ ಈ ಹೆಸರಿನ ಎರಡು ಪದಗಳೂ ಅವನಿಗೆ ಹೊಂದುವುದಿಲ್ಲ.

1952ರ ರೇಸನ್ನೇ ತೆಗೆದುಕೊಳ್ಳಿ. 150 ಸುತ್ತು ಮುಂದಿದ್ದವನಿಗೆ ಗೆಲುವು ಇನ್ನೇನು ಕೈಗೆ ಬಂತು ಎನ್ನುವಾಗ, ಮುಗಿಯಲು ಒಂಬತ್ತೇ ಸುತ್ತು ಉಳಿದಿದ್ದಾಗ, ಸ್ಟೀರಿಂಗ್ ಜೋಡಣೆಯ ಒಂದು ಸಣ್ಣ ಭಾಗ ಮುರಿಯಿತು. ದಿಕ್ಕು ತಪ್ಪಿದ ಕಾರನ್ನು ಅವನು ಹೊರಗೋಡೆಗೆ ಒರಸುತ್ತ ಒರಸುತ್ತ ನಿಲ್ಲಿಸಿದ. ಅದು ಒಳಕ್ಕೆ ತಿರುಗಿ ಬೇರೆಯವರ ದಾರಿಗೆ ಅಡ್ಡ ಬೀಳಲಿಲ್ಲ, ಯಾರಿಗೂ ಗಾಯವಾಗಲಿಲ್ಲ. ಮರುವರ್ಷದ ರೇಸು ಸುಡುವ ಬಿಸಿಲಿನಲ್ಲಿ ನಡೆಯಿತು. ಕಾರ್ಲ್ ಸ್ಕಾರ್ಬರೊ ಎಂಬ ಚಾಲಕ ಝಳಕ್ಕೆ ಬಳಲಿ ಅಂದೇ ಸತ್ತ. ಅನೇಕರು ನಡುವೆ ಇಳಿದು ಕಾರನ್ನು ಬದಲಿ ಚಾಲಕರ ಕೈಗೆ ಕೊಟ್ಟರು. ಆದರೆ ವೂಕೊವಿಚ್ ಕೊನೆಯವರೆಗೂ ತಾನೇ ಓಡಿಸಿ, 195 ಸುತ್ತು ಮುಂದಿದ್ದು ಗೆದ್ದ. 1954ರಲ್ಲಿ 19ನೇ ಸ್ಥಾನದಿಂದ ಹೊರಟು ಮತ್ತೆ ಗೆದ್ದ. ದೇಹವನ್ನು ಪಳಗಿಸಿಕೊಂಡಿದ್ದರ ಫಲ ಇದು, ಜಿಮ್ ಟ್ರಾವರ್ಸ್ ಮತ್ತು ಫ್ರ್ಯಾಂಕ್ ಕೂನ್ ಎಂಬ ಇಬ್ಬರು ಮೆಕ್ಯಾನಿಕ್‌ಗಳ ಅಚ್ಚುಕಟ್ಟಿನ ಫಲವೂ ಹೌದು. ಇಲ್ಲಿ ಗಮನಿಸಬೇಕಾದದ್ದು ಇಷ್ಟು: ಅವನ ಪ್ರತಿಭೆ ಇದ್ದದ್ದು ಅಪಾಯವನ್ನು ಹಿಡಿತದಲ್ಲಿಡುವುದರಲ್ಲಿ. ಅಪಾಯ ಹೆಚ್ಚಿದಷ್ಟೂ ಅವನ ಕಲೆ ಹೆಚ್ಚಿತು ಎನ್ನಲಾಗದು. ಬಿಸಿಲಿಗೆ ಸ್ಕಾರ್ಬರೊ ಸತ್ತದ್ದರಿಂದ ವೂಕೊವಿಚ್‌ನ ಗೆಲುವಿಗೆ ಒಂದು ಗುಲಗಂಜಿಯಷ್ಟೂ ತೂಕ ಸೇರಲಿಲ್ಲ.

ಇನ್ನು 1955ರ ಮೇ 30. ಮೂರನೆಯ ಸತತ ಗೆಲುವಿಗೆ ಓಡುತ್ತಿದ್ದ. ಹಾಗೆ ಸತತ ಮೂರು ಸಲ ಗೆದ್ದವರು ಇಂದಿಗೂ ಯಾರೂ ಇಲ್ಲ. 57ನೇ ಸುತ್ತಿನಲ್ಲಿ ಅವನೇ ಮುಂದಿದ್ದ. ಎರಡನೇ ತಿರುವು ಕಳೆದ ಮೇಲೆ, ಒಂದು ಸುತ್ತು ಹಿಂದೆ ಬಿದ್ದಿದ್ದ ಕಾರುಗಳ ಗುಂಪು ಅವನ ಮುಂದಿತ್ತು. ಅದರಲ್ಲಿ ರಾಜರ್ ವಾರ್ಡ್‌ನ ಕಾರಿನ ಆಕ್ಸಲ್ ಮುರಿದು ಕಾರು ಉರುಳಿತು. ಅದನ್ನು ತಪ್ಪಿಸಲು ಆಲ್ ಕೆಲ್ಲರ್ ಪಕ್ಕಕ್ಕೆ ತಿರುಗಿಸಿದ, ಅವನ ಕಾರು ಜಾನಿ ಬಾಯ್ಡ್‌ನ ಕಾರಿಗೆ ಬಡಿದು ಅದನ್ನು ವೂಕೊವಿಚ್‌ನ ದಾರಿಗೇ ತಳ್ಳಿತು. ಕಣ್ಣು ಮುಚ್ಚಿ ತೆರೆಯುವಷ್ಟರಲ್ಲಿ ವೂಕೊವಿಚ್‌ನ ಕಾರು ಗಿಡ್ಡ ಹೊರಗೋಡೆಯನ್ನು ದಾಟಿ ಪಲ್ಟಿ ಹೊಡೆಯುತ್ತ ಹೋಗಿ ಮಗುಚಿ ಬಿದ್ದು ಹೊತ್ತಿಕೊಂಡಿತು. ಎಡ್ ಎಲಿಸಿಯನ್ ಎಂಬ ಚಾಲಕ ತನ್ನ ರೇಸನ್ನೇ ಕೈಬಿಟ್ಟು, ಕಾರು ನಿಲ್ಲಿಸಿ, ನೆರವಾಗಲೆಂದು ಅತ್ತ ಓಡಿದ. ಅಷ್ಟರಲ್ಲಿ ಎಲ್ಲ ಮುಗಿದಿತ್ತು. ಈ ಸರಣಿಯಲ್ಲಿ ವೂಕೊವಿಚ್ ಮಾಡಿದ ತಪ್ಪು ಯಾವುದು ಎಂದು ಹುಡುಕಿದರೆ ಸಿಗುವುದಿಲ್ಲ. ಆಕ್ಸಲ್ ಅವನದಲ್ಲ, ಗೋಡೆಯ ಎತ್ತರ ಅವನು ನಿಗದಿ ಮಾಡಿದ್ದಲ್ಲ, ಮಗುಚಿದ ಕಾರಿನಡಿ ಚಾಲಕನ ತಲೆಯನ್ನು ಕಾಯಬಲ್ಲ ಕಬ್ಬಿಣದ ಕಮಾನು ಇರಲೇಬೇಕು ಎಂಬ ನಿಯಮ ಇಲ್ಲದಿದ್ದದ್ದೂ ಅವನ ತೀರ್ಮಾನವಲ್ಲ.

ಹೀಗಾಗಿ 'ಅಪಾಯ' ಎಂಬ ಒಂದೇ ಹೆಸರಿನಡಿ ನಾವು ಎರಡು ಬೇರೆ ವಸ್ತುಗಳನ್ನು ಕಟ್ಟಿಹಾಕುತ್ತಿದ್ದೇವೆ. ಒಂದು, ಆಟದಲ್ಲೇ ಅಡಗಿರುವ ಅಪಾಯ: ತಿರುವಿನಲ್ಲಿ ಎಷ್ಟು ವೇಗ, ಎದುರಾಳಿಯನ್ನು ಎಲ್ಲಿ ಹಿಂದೆ ಹಾಕುವುದು, ಟಯರು ಇನ್ನೆಷ್ಟು ಸುತ್ತು ತಾಳೀತು. ಇವನ್ನು ಅಳೆದು ತೂಗುವುದೇ ಚಾಲಕನ ವಿದ್ಯೆ. ಅವನು ತೆರೆದ ಕಣ್ಣಿನಿಂದ ಒಪ್ಪಿಕೊಳ್ಳುವುದು ಇದನ್ನು. ಇನ್ನೊಂದು, ಏರ್ಪಾಟಿನಲ್ಲಿರುವ ಅಪಾಯ: ಗೋಡೆ, ಇಂಧನ, ಬಟ್ಟೆ, ಕಾರಿನ ರಚನೆಗೆ ಹಾಕಿದ ಅಥವಾ ಹಾಕದ ನಿಯಮ. ಇದರ ಬಗ್ಗೆ ಸ್ಟೀರಿಂಗ್ ಹಿಂದೆ ಕೂತವನು ಮಾಡಬಹುದಾದದ್ದು ಏನೂ ಇಲ್ಲ. ಒಪ್ಪಿಗೆ ಎನ್ನುವುದಕ್ಕೆ ಅರ್ಥ ಬರಬೇಕಾದರೆ ಒಪ್ಪಿದವನ ಕೈಯಲ್ಲಿ ಸ್ವಲ್ಪವಾದರೂ ಹಿಡಿತ ಇರಬೇಕು, ಇಲ್ಲವೇ ಅವನ ಮಾತಿಗೆ ಬೆಲೆ ಇರಬೇಕು. ಅಂದು ಎರಡೂ ಇರಲಿಲ್ಲ. 1955ರ ಆ ರೇಸಿನಲ್ಲಿ ಓಡಿಸಿದವರಿಗೆ ಮುಂದೆ ಏನಾಯಿತು ನೋಡಿ. ಎಲ್ಲರಿಗಿಂತ ಮುಂದಿನ ಸ್ಥಾನದಿಂದ ಹೊರಟಿದ್ದ ಜೆರ್ರಿ ಹಾಯ್ಟ್ ಜುಲೈನಲ್ಲಿ ಸತ್ತ. ಆರಂಭದಲ್ಲಿ ವೂಕೊವಿಚ್ ಜೊತೆ ಮುಂಚೂಣಿಗೆ ಸೆಣಸಿದ್ದ ಜ್ಯಾಕ್ ಮೆಗ್ರಾತ್ ನವೆಂಬರಿನಲ್ಲಿ ಸತ್ತ. ಗೆದ್ದ ಬಾಬ್ ಸ್ವೈಕರ್ಟ್ 1956ರಲ್ಲಿ, ಪ್ಯಾಟ್ ಓಕಾನರ್ 1958ರಲ್ಲಿ, ಎಲಿಸಿಯನ್ 1959ರಲ್ಲಿ, ಜಿಮ್ಮಿ ಬ್ರಯಾನ್ ಮತ್ತು ಜಾನಿ ಥಾಮ್ಸನ್ 1960ರಲ್ಲಿ, ಎರಡನೆಯವನಾಗಿ ಬಂದಿದ್ದ ಟೋನಿ ಬೆಟನ್‌ಹೌಸನ್ ಮತ್ತು ಆ ಸರಣಿ ಅಪಘಾತದಲ್ಲಿ ಉಳಿದುಕೊಂಡಿದ್ದ ಕೆಲ್ಲರ್ 1961ರಲ್ಲಿ. ಎಲ್ಲರೂ ಟ್ರ್ಯಾಕಿನ ಮೇಲೆಯೇ ಹೋದರು. ಇವರು ದೇಶದ ಅತ್ಯುತ್ತಮ ಚಾಲಕರು. ವಿದ್ಯೆಯೇ ಕಾಯುವುದಾದರೆ ಇವರನ್ನು ಕಾಯಬೇಕಿತ್ತು. ಕುಶಲನೂ ಅಕುಶಲನೂ ಒಂದೇ ದರದಲ್ಲಿ ಸಾಯುವ ಕಡೆ ದೋಷವನ್ನು ಕೈಗಳಲ್ಲಿ ಹುಡುಕಿ ಪ್ರಯೋಜನವಿಲ್ಲ.

ಆಗಿನ ಕಾಲಕ್ಕೆ ಅಷ್ಟೇ ತಿಳಿವಳಿಕೆ ಇತ್ತು, ಇಂದಿನ ಕಣ್ಣಿನಿಂದ ಅಂದಿನವರನ್ನು ಅಳೆಯಬಾರದು ಎಂಬ ಆಕ್ಷೇಪವಿದೆ. ಅರ್ಧ ನಿಜ. ಗೋಡೆಯ ಹೊಡೆತವನ್ನು ನುಂಗಿಕೊಳ್ಳುವ, ಉಕ್ಕು ಮತ್ತು ಫೋಮ್ ಬಳಸಿದ ತಡೆಗೋಡೆ ಇಂಡಿಯಾನಾಪೊಲಿಸ್‌ಗೆ ಬಂದದ್ದು 2002ರಲ್ಲಿ. ಅದನ್ನು 1955ರವರಿಂದ ಕೇಳಲಾಗದು. ಆದರೆ ರೋಲ್ ಬಾರ್ ಎಂಬ ಕಬ್ಬಿಣದ ಕಮಾನು ರಾಕೆಟ್ ವಿಜ್ಞಾನವೇನಲ್ಲ. ಅದೇ ದಶಕದ ಮೊದಲಲ್ಲೇ ಅಮೆರಿಕದ ಬೇರೆ ಬಗೆಯ ರೇಸುಗಳಲ್ಲಿ ಅದು ಬಳಕೆಯಲ್ಲಿತ್ತು. ಇಲ್ಲಿ ಅದು ಕಡ್ಡಾಯವಾದದ್ದು 1959ರಲ್ಲಿ, ಅದೂ ಹಿಂದಿನ ವರ್ಷ ಓಕಾನರ್‌ನ ಕಾರು ಮಗುಚಿ ಅವನು ಸತ್ತ ಮೇಲೆ. ಬೆಂಕಿ ತಾಳುವ ಉಡುಪು ಕಡ್ಡಾಯವಾದದ್ದು ಜೆರ್ರಿ ಅನ್ಸರ್ ಸುಟ್ಟ ಗಾಯಗಳಿಂದ ಸತ್ತ ಬಳಿಕ. ಪೆಟ್ರೋಲಿನಿಂದ ಮೆಥನಾಲ್ ಕಡೆಗೆ ಹೊರಳುವಂತೆ ನಿಯಮ ಬದಲಾದದ್ದು 1964ರಲ್ಲಿ ಎಡ್ಡಿ ಸ್ಯಾಕ್ಸ್ ಮತ್ತು ಡೇವ್ ಮೆಕ್‌ಡೊನಾಲ್ಡ್ ಬೆಂಕಿಗೆ ಆಹುತಿಯಾದ ನಂತರ. ಮೆಥನಾಲ್ ಆಗ ಹೊಸ ಶೋಧವೇನಾಗಿರಲಿಲ್ಲ, ವೂಕೊವಿಚ್ ಕಾಲದ ಎಂಜಿನ್‌ಗಳೇ ಅದರಲ್ಲಿ ಓಡುತ್ತಿದ್ದವು. ಊರು ಕೊಳ್ಳೆ ಹೊಡೆದ ಮೇಲೆ ಕೋಟೆ ಬಾಗಿಲು ಹಾಕಿದರು ಎನ್ನುವ ಗಾದೆಗೆ ಇದಕ್ಕಿಂತ ಒಳ್ಳೆಯ ಉದಾಹರಣೆ ಬೇಕಿಲ್ಲ. ಬಾಗಿಲು ಮಾತ್ರ ಮೊದಲಿನಿಂದಲೂ ಅಲ್ಲೇ ಇತ್ತು.

ಇದಕ್ಕಿಂತ ಗಟ್ಟಿಯಾದ ಆಕ್ಷೇಪವೆಂದರೆ, ಚಾಲಕರೇ ಸುರಕ್ಷತೆಯನ್ನು ಬಯಸಲಿಲ್ಲ ಎಂಬುದು. ಹಿಂಜರಿದವನು ಹೇಡಿ ಎನ್ನುವ ವಾತಾವರಣ ಅಲ್ಲಿತ್ತು ನಿಜ. ಆದರೆ ಅದು ಯಾರಿಗೆ ಅನುಕೂಲವಾಗಿತ್ತು ಎಂದೂ ಕೇಳಬೇಕು. ಕಾರು ಚಾಲಕನದಲ್ಲ, ಮಾಲೀಕನದು. ಬಹುಮಾನದ ಹಣವನ್ನು ಮಾಲೀಕನೊಡನೆ ಹಂಚಿಕೊಳ್ಳಬೇಕು. ಈ ಗೋಡೆ ಸರಿಯಿಲ್ಲ, ಓಡಿಸುವುದಿಲ್ಲ ಎಂದರೆ ಆ ಸೀಟಿಗೆ ಕಾದು ನಿಂತ ಇನ್ನೊಬ್ಬ ಇದ್ದೇ ಇರುತ್ತಿದ್ದ. ಚಿಕ್ಕಂದಿನಲ್ಲೇ ತಂದೆಯನ್ನು ಕಳೆದುಕೊಂಡು, ರೇಸನ್ನೇ ಹೊಟ್ಟೆಪಾಡು ಮಾಡಿಕೊಂಡಿದ್ದ ವೂಕೊವಿಚ್‌ನಂಥವನ ಮೌನವನ್ನು ಸಮ್ಮತಿ ಎಂದು ಬರೆದುಕೊಳ್ಳುವುದು ಸುಲಭ, ನ್ಯಾಯವಲ್ಲ. ಎಲಿಸಿಯನ್ ಕಥೆ ಇನ್ನೂ ವಿಚಿತ್ರ. 1955ರಲ್ಲಿ ರೇಸು ಬಿಟ್ಟು ಗೆಳೆಯನ ನೆರವಿಗೆ ಓಡಿದ ಇದೇ ಮನುಷ್ಯನನ್ನು, 1958ರ ಮೊದಲ ಸುತ್ತಿನಲ್ಲಿ ಓಕಾನರ್ ಸತ್ತ ಸರಣಿ ಅಪಘಾತಕ್ಕೆ ಕಾರಣನೆಂದು ಅಮಾನತು ಮಾಡಿದರು. ಅವನು ಆ ದಿನ ದುಡುಕಿದನೆಂದೇ ಇಟ್ಟುಕೊಳ್ಳೋಣ. ಒಬ್ಬನ ದುಡುಕು ಮತ್ತೊಬ್ಬನ ಪ್ರಾಣಕ್ಕೆ ಎರವಾಗುವಂತೆ ಕಾರುಗಳು ಇದ್ದವಲ್ಲ, ಅದಕ್ಕೆ ಅಮಾನತಾದವರು ಯಾರು? ಸತ್ತವನಿಗೆ 'ಗೊತ್ತಿದ್ದೇ ಹೋದ', ಬದುಕಿದವನಿಗೆ 'ನೀನೇ ಕಾರಣ'. ಎರಡೂ ತೀರ್ಪುಗಳು ಟ್ರ್ಯಾಕಿನ ಒಳಗಿದ್ದವರ ಮೇಲೆಯೇ ಬಿದ್ದವು.

ಸಾವಿನ ಭಯವೇ ಇಲ್ಲದಿದ್ದರೆ ರೇಸಿನ ಸ್ವಾರಸ್ಯವೇ ಹೋಗುತ್ತದೆ ಎನ್ನುವವರೂ ಉಂಟು. ಇದನ್ನು ಊಹೆಯಿಂದ ತಳ್ಳಿಹಾಕಬೇಕಿಲ್ಲ, ಕಾಲವೇ ಪರೀಕ್ಷಿಸಿ ತೋರಿಸಿದೆ. ವೂಕೊವಿಚ್ 1954ರಲ್ಲಿ ಗೆದ್ದ ಸರಾಸರಿ ವೇಗ ಗಂಟೆಗೆ 130.84 ಮೈಲಿ, ಅಂದರೆ ಸುಮಾರು 210 ಕಿಲೋಮೀಟರ್. 2021ರಲ್ಲಿ ಎಲಿಯೊ ಕಾಸ್ಟ್ರೊನೆವೆಸ್ ಗೆದ್ದದ್ದು 190.69 ಮೈಲಿಯಲ್ಲಿ, ಸುಮಾರು 307 ಕಿಲೋಮೀಟರ್. ವೇಗ ಒಂದೂವರೆ ಪಟ್ಟಿನ ಹತ್ತಿರಕ್ಕೆ ಏರಿದೆ. ಆದರೆ ಇಂಡಿಯಾನಾಪೊಲಿಸ್ 500 ರೇಸಿನಲ್ಲೇ ಆದ ಗಾಯದಿಂದ ಚಾಲಕನೊಬ್ಬ ಸತ್ತದ್ದು 1973ರ ನಂತರ ಇಲ್ಲ. ಅಭ್ಯಾಸದಲ್ಲಿ, ಅರ್ಹತಾ ಸುತ್ತಿನಲ್ಲಿ ಸಾವುಗಳಾಗಿವೆ, ಅಪಾಯ ಪೂರ್ತಿ ಹೋಗಿಲ್ಲ. ಜನವಂತೂ ಲಕ್ಷಗಟ್ಟಲೆ ಸೇರುತ್ತಲೇ ಇದ್ದಾರೆ. ಆ 1973ರ ರೇಸಿನಲ್ಲಿ ಎರಡನೆಯವನಾಗಿ ಬಂದವನು ವೂಕೊವಿಚ್‌ನ ಮಗ, ಅವನ ಹೆಸರೂ ಬಿಲ್. ಮೊಮ್ಮಗನೂ ಇಂಡಿಯಾನಾಪೊಲಿಸ್‌ನಲ್ಲಿ ಓಡಿಸಿದ, 1990ರಲ್ಲಿ ಬೇಕರ್ಸ್‌ಫೀಲ್ಡಿನ ಟ್ರ್ಯಾಕಿನಲ್ಲಿ ಸತ್ತ. ರಕ್ಷಣೆ ಹೆಚ್ಚಿದಷ್ಟೂ ಚಾಲಕರು ಧಾರ್ಷ್ಟ್ಯ ತೋರುತ್ತಾರೆ, ಕೊನೆಗೆ ಲೆಕ್ಕ ಸಮವಾಗುತ್ತದೆ ಎಂಬ ವಾದವನ್ನೂ ಈ ಅಂಕಿಗಳು ನಿಲ್ಲಲು ಬಿಡುವುದಿಲ್ಲ. ಧಾರ್ಷ್ಟ್ಯ ಹೆಚ್ಚಿರಬಹುದು, ಹೆಣಗಳ ಲೆಕ್ಕ ಸಮವಾಗಲಿಲ್ಲ.

ಹಾಗಾದರೆ ಇಂಥ ಆಟವನ್ನು ಬಿಟ್ಟೇಬಿಡುವುದು ವಾಸಿಯಲ್ಲವೆ? 1955ರಲ್ಲಿ ಈ ದನಿ ಜೋರಾಗಿಯೇ ಎದ್ದಿತು. ವೂಕೊವಿಚ್ ಸತ್ತ ಎರಡೇ ವಾರದೊಳಗೆ ಫ್ರಾನ್ಸಿನ ಲ ಮಾನ್ ರೇಸಿನಲ್ಲಿ ಕಾರೊಂದು ಜನರ ಮೇಲೆ ಸಿಡಿದು 80ಕ್ಕೂ ಹೆಚ್ಚು ಮಂದಿ ಸತ್ತರು. ಸ್ವಿಟ್ಜರ್ಲೆಂಡ್ ತನ್ನ ನೆಲದಲ್ಲಿ ಸರ್ಕ್ಯೂಟ್ ರೇಸುಗಳನ್ನೇ ನಿಷೇಧಿಸಿತು. ಅಮೆರಿಕದಲ್ಲಿ ಸೆನೆಟರ್ ರಿಚರ್ಡ್ ನ್ಯೂಬರ್ಗರ್ ನಿಷೇಧ ಕೇಳಿದರು. ದಶಕಗಳಿಂದ ರೇಸುಗಳಿಗೆ ಮಾನ್ಯತೆ ಕೊಡುತ್ತಿದ್ದ ಅಮೆರಿಕನ್ ಆಟೊಮೊಬೈಲ್ ಅಸೋಸಿಯೇಷನ್ ಆಗಸ್ಟಿನಲ್ಲಿ, ಈ ವರ್ಷ ಮುಗಿದ ಮೇಲೆ ತನಗೂ ಇದಕ್ಕೂ ಸಂಬಂಧವಿಲ್ಲ ಎಂದು ಸಾರಿತು. ನಿಷೇಧದ ಬೇಡಿಕೆಯಲ್ಲಿ ಒಂದು ಪ್ರಾಮಾಣಿಕತೆಯಿದೆ, ಕಾನೂನು ತಾನೇ ಹೊಣೆ ಹೊತ್ತು ಬೇಡವೆನ್ನುತ್ತದೆ. ಅಸೋಸಿಯೇಷನ್ನಿನ ನಡೆಯಲ್ಲಿ ಅದು ನನಗೆ ಕಾಣುವುದಿಲ್ಲ. ಅದು ಹೊರಟುಹೋದದ್ದರಿಂದ ಒಂದು ಗೋಡೆಯೂ ಎತ್ತರವಾಗಲಿಲ್ಲ, ರೇಸೂ ನಿಲ್ಲಲಿಲ್ಲ. 1956ರಲ್ಲಿ ಯುನೈಟೆಡ್ ಸ್ಟೇಟ್ಸ್ ಆಟೊ ಕ್ಲಬ್ ಎಂಬ ಹೊಸ ಸಂಸ್ಥೆಯ ಕೆಳಗೆ ಅದೇ ಚಾಲಕರು ಅದೇ ಬಗೆಯ ಕಾರುಗಳಲ್ಲಿ ಕೂತರು. ನಿಯಮ ಬರೆಯುವ ಅಧಿಕಾರ, ಅದನ್ನು ಪಾಲಿಸದವರನ್ನು ಟ್ರ್ಯಾಕಿಗೆ ಬಿಡದಿರುವ ಶಕ್ತಿ, ಅಷ್ಟು ವರ್ಷಗಳ ಅಪಘಾತಗಳ ಅನುಭವ, ಇವೆಲ್ಲ ಇದ್ದ ಸಂಸ್ಥೆ ಎದ್ದುಹೋದದ್ದು, ಅವುಗಳನ್ನು ಬಳಸಬೇಕಾಗಿದ್ದ ವರ್ಷದಲ್ಲೇ. ರೋಲ್ ಬಾರ್ ಕಡ್ಡಾಯ ಮಾಡುವ ಒಂದು ಸಾಲಿನ ನಿಯಮಕ್ಕೆ ಹೊಸ ಸಂಸ್ಥೆ 1959ರವರೆಗೆ ಕಾಯಿತು. ಆ ಸಾಲನ್ನು 1955ರ ಆಗಸ್ಟಿನಲ್ಲೇ, ಹೊರಡುವ ಪ್ರಕಟಣೆಯ ಬದಲಿಗೆ, ಹಳೆಯ ಸಂಸ್ಥೆ ಬರೆಯಬಹುದಿತ್ತು.