ಛಾಯಾಗ್ರಾಹಕನಿಗೆ ಸಲ್ಲಬೇಕಾದ ಕೀರ್ತಿ

ಫ್ರೆಂಚ್ ಚಲನಚಿತ್ರದ ಹೊಸ ಅಲೆಯ ಪ್ರಸ್ತಾಪ ಬಂದಾಗಲೆಲ್ಲ ಗೊದಾರ್, ತ್ರೂಫೊ ಮೊದಲಾದ ನಿರ್ದೇಶಕರ ನಾಮಸ್ಮರಣೆಯಿಂದಲೇ ನಾವು ತೃಪ್ತರಾಗುತ್ತೇವೆ. ಅವರ ಕಲ್ಪನೆಗೆ ಕಣ್ಣಾಗಿ ನಿಂತ ಛಾಯಾಗ್ರಾಹಕ ರಾವೂಲ್ ಕುತಾರರ ಹೆಸರು ಮಾತ್ರ ರಸಿಕರ ನಾಲಗೆಯ ಮೇಲೆ ಸುಳಿಯುವುದು ಅಪರೂಪ. ಇದು ಅನ್ಯಾಯವೆಂಬುದು ನನ್ನ ದೃಢವಾದ ಅಭಿಪ್ರಾಯ.

1924ರಲ್ಲಿ ಪ್ಯಾರಿಸಿನಲ್ಲಿ ಜನಿಸಿದ ಕುತಾರರು ಸ್ಟುಡಿಯೋಗಳಲ್ಲಿ ಗುರುಮುಖೇನ ವಿದ್ಯೆ ಕಲಿತವರಲ್ಲ. ಇಂಡೋಚೀನಾದ ಯುದ್ಧಭೂಮಿಯಲ್ಲಿ ಛಾಯಾಚಿತ್ರಕಾರರಾಗಿದ್ದು, ಅನಂತರ ಪತ್ರಿಕೆಗಳಿಗೆ ಚಿತ್ರಗಳನ್ನು ಒದಗಿಸುತ್ತ, ದೊರೆತ ಬೆಳಕಿನಲ್ಲಿ, ದೊರೆತ ಕ್ಷಣದಲ್ಲಿ ದೃಶ್ಯವನ್ನು ಸೆರೆಹಿಡಿಯುವ ಶಿಸ್ತನ್ನು ಮೈಗೂಡಿಸಿಕೊಂಡಿದ್ದರು. ನಿರ್ಮಾಪಕ ಜಾರ್ಜ್ ದ ಬೊರ್ಗಾರ್ ಅವರ ಮೂಲಕ ಗೊದಾರರ ಮೊದಲ ಕಥಾಚಿತ್ರ ‘ಬ್ರೆತ್‌ಲೆಸ್’ ಅವರ ಪಾಲಿಗೆ ಬಂದಾಗ ಈ ಶಿಸ್ತೇ ಕೈಹಿಡಿಯಿತು.

1959ರ ಬೇಸಿಗೆಯಲ್ಲಿ ನಡೆದ ಆ ಚಿತ್ರೀಕರಣದಲ್ಲಿ ದೀಪಗಳ ಆಡಂಬರ ಬೇಡವೆಂದು ಗೊದಾರರು ಹಟ ಹಿಡಿದರು. ರಾತ್ರಿಯ ಬೀದಿಯನ್ನು ಬೀದಿದೀಪದ ಬೆಳಕಿನಲ್ಲೇ ಹಿಡಿಯಬಲ್ಲಷ್ಟು ಸೂಕ್ಷ್ಮವಾದ ಫಿಲ್ಮ್ ಆಗ ಚಲನಚಿತ್ರಕ್ಕೆಂದು ಸಿಗುತ್ತಿರಲಿಲ್ಲವಾಗಿ, ಸ್ಥಿರಚಿತ್ರಕ್ಕೆಂದು ಇಲ್ಫರ್ಡ್ ಕಂಪನಿ ಮಾರುತ್ತಿದ್ದ ಎಚ್‌ಪಿಎಸ್ ಫಿಲ್ಮಿನ 17.5 ಮೀಟರ್ ಉದ್ದದ ಸುರುಳಿಗಳನ್ನು ಒಂದಕ್ಕೊಂದು ಅಂಟಿಸಿ ಕ್ಯಾಮೆರಾದಲ್ಲಿ ತೊಡಿಸಲಾಯಿತು. ಅದರ ಸೂಕ್ಷ್ಮತೆಯನ್ನು ಹೆಚ್ಚಿಸಲು ವಿಶೇಷ ರಾಸಾಯನಿಕದಲ್ಲಿ ಸಂಸ್ಕರಿಸಲಾಯಿತು. ಶಾಂಜ್ ಎಲಿಜೆಯ ಜನಜಂಗುಳಿಯ ನಡುವೆ ನಟನಟಿಯರು ನಡೆದು ಬರುವ ದೃಶ್ಯಕ್ಕಾಗಿ ಕುತಾರರು ಅಂಚೆಯ ತಳ್ಳುಗಾಡಿಯೊಳಗೆ ಕ್ಯಾಮೆರಾದೊಡನೆ ಅಡಗಿ ಕುಳಿತರು. ಒಳಾಂಗಣದಲ್ಲಿ ಗಾಲಿಕುರ್ಚಿಯೇ ಅವರ ರಥವಾಯಿತು.

ನಿರ್ದೇಶಕನ ಸಂಕಲ್ಪವೇ ಸರ್ವಸ್ವ, ಛಾಯಾಗ್ರಾಹಕನು ಕೇವಲ ಉಪಕರಣವೆಂದು ವಾದಿಸುವವರುಂಟು. ಆದರೆ ಗೊದಾರರ ಸಂಕಲ್ಪ, ಅದನ್ನು ಸಾಧ್ಯವಾಗಿಸುವ ಕೈಯಿಲ್ಲದಿದ್ದರೆ, ಬರಿಯ ಹಂಬಲವಾಗಿಯೇ ಉಳಿಯುತ್ತಿತ್ತು. ಅದೇ ಕೈ 1962ರಲ್ಲಿ ತ್ರೂಫೊ ಅವರ ‘ಜೂಲ್ ಎ ಜಿಮ್’ ಚಿತ್ರಕ್ಕೆ ಕಪ್ಪುಬಿಳುಪಿನ ಲಘುಲಾಲಿತ್ಯವನ್ನೂ, ಮರುವರ್ಷ ಗೊದಾರರ ‘ಲ ಮೆಪ್ರಿ’ಗೆ ಕಾಪ್ರಿ ದ್ವೀಪದ ಕಡಲಿನ ಗಾಢವರ್ಣವನ್ನೂ, 1969ರಲ್ಲಿ ಕೋಸ್ತಾ ಗಾವ್ರಾಸರ ‘ಝಡ್’ಗೆ ವರದಿಗಾರನ ತ್ವರೆಯನ್ನೂ ಕೊಟ್ಟಿತು. ಉಪಕರಣಕ್ಕೆ ಇಂಥ ವಿವೇಚನೆ ಎಲ್ಲಿಂದ ಬರಬೇಕು? ವಿಯೆಟ್ನಾಮಿನ ಕಥೆಯುಳ್ಳ ‘ಹೋವಾ ಬಿನ್’ ಚಿತ್ರವನ್ನು ಸ್ವತಃ ನಿರ್ದೇಶಿಸಿ, 1970ರ ಕಾನ್ ಉತ್ಸವದಲ್ಲಿ ಶ್ರೇಷ್ಠ ಚೊಚ್ಚಲ ಕೃತಿಯ ಪ್ರಶಸ್ತಿಗೂ ಅವರು ಪಾತ್ರರಾದರು. 2016ರಲ್ಲಿ, ತೊಂಬತ್ತೆರಡನೆಯ ವಯಸ್ಸಿನಲ್ಲಿ, ನಿಧನ ಹೊಂದಿದರು.

‘ಬ್ರೆತ್‌ಲೆಸ್’ ಚಿತ್ರದ ತೆರೆಯ ಮೇಲೆ ಶ್ರಮಿಸಿದವರ ಹೆಸರುಗಳ ಪಟ್ಟಿಯೇ ಇಲ್ಲ. ನಿರ್ದೇಶಕರ ಹೆಸರೂ ಇಲ್ಲ, ಛಾಯಾಗ್ರಾಹಕರ ಹೆಸರೂ ಇಲ್ಲ. ಹಾಗಿದ್ದೂ ಲೋಕವು ಒಂದು ಹೆಸರನ್ನು ಕಂಠಪಾಠ ಮಾಡಿ ಇನ್ನೊಂದನ್ನು ಮರೆತಿದೆ. ಚಿತ್ರವಿಮರ್ಶೆಯನ್ನು ಬರೆಯುವವರೂ ಓದುವವರೂ ಈ ಪಕ್ಷಪಾತವನ್ನು ಬಿಡಬೇಕು. ಚಿತ್ರವೊಂದನ್ನು ಹೊಗಳುವಾಗ ನಿರ್ದೇಶಕನೊಡನೆ ಛಾಯಾಗ್ರಾಹಕನನ್ನೂ ಅದರ ಕರ್ತೃವೆಂದು ಹೆಸರಿಸಬೇಕು.