ಮುದ್ರೆ ನೋಡದೆ ಒಳಗೆ ಬಿಡಬೇಡಿ!

ಶಿಕಾರಿಪುರ ತಾಲ್ಲೂಕಿನ ಬೇಗೂರು, ಸೊರಬ ತಾಲ್ಲೂಕಿನ ಕುಪ್ಪಗಡ್ಡೆ. ಈ ಊರುಗಳ ತಾಮ್ರಪಟಗಳು ‘ಇದು ಜನಮೇಜಯ ಚಕ್ರವರ್ತಿ ಕೊಟ್ಟ ದಾನ’ ಎಂದು ಸಾರುತ್ತವೆ. ಹೌದು, ಸರ್ಪಯಾಗ ಮಾಡಿದ ಅದೇ ಜನಮೇಜಯ! ಬಿ.ಎಲ್. ರೈಸ್ ಇವನ್ನು ಎಪಿಗ್ರಾಫಿಯಾ ಕರ್ನಾಟಿಕದ 7 ಮತ್ತು 8ನೇ ಸಂಪುಟಗಳಲ್ಲಿ (1902, 1904) ಪ್ರಕಟಿಸಿದರು. ಲಿಪಿಯನ್ನು ಪರೀಕ್ಷಿಸಿದಾಗ ಬಣ್ಣ ಬಯಲಾಯಿತು. ಎಷ್ಟೋ ಶತಮಾನಗಳ ನಂತರ ಯಾರೋ ಕೆತ್ತಿಸಿ ದೊಡ್ಡ ಹೆಸರು ಅಂಟಿಸಿದ ಕೂಟಶಾಸನ!

ಇಂದಿನ ಕೂಟಶಾಸನ ಡೌನ್‌ಲೋಡ್ ಆಗಿ ಬರುತ್ತದೆ. ಅದೇ ಸೊರಬದಿಂದ ಬೆಂಗಳೂರಿಗೆ ಬಂದ ಹುಡುಗ ಕನ್ನಡ ಟೈಪ್ ಮಾಡಲು ‘ನುಡಿ’ ಹುಡುಕುತ್ತಾನೆ. ಮೊದಲು ಕಂಡ ಹಸಿರು ಗುಂಡಿ ಒತ್ತುತ್ತಾನೆ. ನುಡಿ ರೂಪಿಸಿದ್ದು ಕನ್ನಡ ಗಣಕ ಪರಿಷತ್ತು. ಬರಹ ಕೊಟ್ಟವರು ಶೇಷಾದ್ರಿವಾಸು, 1998ರಲ್ಲಿ. ಹೆತ್ತವರ ಮನೆ ಇರುವಾಗ ದಾರಿಹೋಕನ ಕೈಯಿಂದ ಏಕೆ ಪಡೆಯುತ್ತೀರಿ, ಗೆಳೆಯರೇ?

ತಂದ ಕಡತದ ಮೇಲೆ ಮೌಸಿನ ಬಲಗುಂಡಿ ಒತ್ತಿ, ಪ್ರಾಪರ್ಟೀಸ್ ತೆರೆಯಿರಿ. ಡಿಜಿಟಲ್ ಸಿಗ್ನೇಚರ್ ಇದ್ದರೆ ಯಾರ ಹೆಸರಿನಲ್ಲಿದೆ ನೋಡಿ. ತಯಾರಕರು ಎಸ್‌ಎಚ್‌ಎ-256 ಮೊತ್ತ ಕೊಟ್ಟಿದ್ದರೆ, ವಿಂಡೋಸ್‌ನ ಸರ್ಟ್‌ಯುಟಿಲ್ ಆಜ್ಞೆಯಿಂದ ನಿಮ್ಮ ಕಡತದ ಮೊತ್ತ ತೆಗೆದು ಹೋಲಿಸಿ. 64 ಅಕ್ಷರ. ಒಂದು ಬೇರೆಯಾದರೂ ಅದು ಅವರು ಕೊಟ್ಟ ಕಡತವಲ್ಲ, ಅಳಿಸಿಬಿಡಿ.

ಇಷ್ಟಕ್ಕೇ ನಿಶ್ಚಿಂತೆಯೇ? ಇಲ್ಲ. 2016ರ ಫೆಬ್ರವರಿಯಲ್ಲಿ ಲಿನಕ್ಸ್ ಮಿಂಟ್‌ನ ಸ್ವಂತ ತಾಣಕ್ಕೇ ಕನ್ನ ಹಾಕಿದ ಕಳ್ಳರು ಜನರನ್ನು ನಕಲಿ ಕಡತದತ್ತ ತಿರುಗಿಸಿದರು. ತಾಣವನ್ನೇ ಹಿಡಿದವನಿಗೆ ಅಲ್ಲಿನ ಮೊತ್ತ ಬದಲಿಸುವುದು ಕಷ್ಟವೇ? 2017ರಲ್ಲಿ ಸಿಕ್ಲೀನರ್‌ನ ವಿಷಪೂರಿತ ಆವೃತ್ತಿ ಹೊರಬಿದ್ದಾಗ ಅದರ ಮೇಲೆ ಕಂಪನಿಯ ಅಸಲಿ ಸಹಿಯೇ ಇತ್ತು! ಸಹಿ ಹೇಳುವುದು ಯಾರು ಕೊಟ್ಟರೆಂದು ಮಾತ್ರ. ಹಾಗೆಂದು ಬೀಗ ಒಡೆಯುವವನಿಗೆ ಹೆದರಿ ಬೀಗವನ್ನೇ ಹಾಕದಿರುತ್ತೇವೆಯೇ?

ಮೊಬೈಲಿಗೆ ಮದುವೆ ಕರೆಯೋಲೆಯ ವೇಷದಲ್ಲಿ ಬರುವ ಎಪಿಕೆ ಕಡತವಂತೂ ಮುಟ್ಟಲೇಬೇಡಿ. ಹಣ ಹೋದರೆ ತಕ್ಷಣ 1930ಕ್ಕೆ ಕರೆ ಮಾಡಿ.

ನಮ್ಮ ಸಿಟ್ಟು ಬೇರೆಯೇ ಇದೆ. ಶಿಕಾರಿಪುರದ ಹುಡುಗಿಯ ಗಣಕದಲ್ಲಿ ‘ಪ್ರಕಾಶಕರು ಯಾರೆಂದು ತಿಳಿಯದು’ ಎಂಬ ಎಚ್ಚರಿಕೆ ಇಂಗ್ಲಿಷಿನಲ್ಲಿ ಬರುತ್ತದೆ. ಅರ್ಥವಾಗದ್ದಕ್ಕೆ ಆಕೆ ‘ಎಸ್’ ಒತ್ತಿದರೆ ತಪ್ಪು ಯಾರದು? ಕನ್ನಡದ ತಂತ್ರಾಂಶ ಹಂಚುವ ಪ್ರತಿಯೊಬ್ಬರೂ, ಮುಖ್ಯವಾಗಿ ಸರ್ಕಾರದ ಹಣದಲ್ಲಿ ಮಾಡಿದವರು, ಸಹಿ ಹಾಕಿಯೇ ಹಂಚಲಿ. ಆ 64 ಅಕ್ಷರಗಳನ್ನು ಎರಡು ಕಡೆ ಪ್ರಕಟಿಸಲಿ. ಪರೀಕ್ಷಿಸುವ ಬಗೆಯನ್ನು ಪಕ್ಕದಲ್ಲೇ ಅಚ್ಚಗನ್ನಡದಲ್ಲಿ ಬರೆಯಲಿ. ನಾವು ಕೇಳುತ್ತಿರುವುದು ಅರ್ಧ ಪುಟದ ಕೆಲಸ.