ಸೀಸೆಯೊಳಗಿನ ಸ್ಪಂಜು

ಪ್ರಾಣಿಶಾಸ್ತ್ರದ ಪ್ರಯೋಗಶಾಲೆಗಳಲ್ಲಿ ಸ್ಪಂಜನ್ನು ಕಲಿಸುವ ರೀತಿ ಬಹುಮಟ್ಟಿಗೆ ಒಂದೇ. ಮೇಜಿನ ಮೇಲೆ ಫಾರ್ಮಲಿನ್ ತುಂಬಿದ ಸೀಸೆಯೊಂದಿರುತ್ತದೆ. ವಿದ್ಯಾರ್ಥಿಯು ಹೊರರೂಪವನ್ನು ಚಿತ್ರಿಸಿ, ಚೀಟಿಯಲ್ಲಿರುವ ಹೆಸರನ್ನು ನಕಲುಮಾಡಿ ಮುಂದಿನ ಸೀಸೆಗೆ ಸಾಗುತ್ತಾನೆ. ಇದು ಸ್ಪಂಜಿನ ಪರಿಚಯವೇ ಅಲ್ಲವೆಂಬುದು ನಮ್ಮ ಅಭಿಪ್ರಾಯ.

ಸ್ಪಂಜುಗಳ ಹೊರರೂಪವನ್ನು ನಂಬುವಂತಿಲ್ಲ. ಅಲೆಗಳು ಅಪ್ಪಳಿಸುವ ಬಂಡೆಯ ಮೇಲೆ ತೆಳುವಾಗಿ ಹರಡಿಕೊಳ್ಳುವ ಜಾತಿಯೇ ಶಾಂತವಾದ ನೀರಿನಲ್ಲಿ ಕೊಂಬೆಗಳಾಗಿ ಮೇಲೇಳಬಹುದು. ಬಣ್ಣವಂತೂ ಸೀಸೆಯಲ್ಲಿ ಉಳಿಯುವುದೇ ಅಪರೂಪ. ಹೆಚ್ಚು ನಂಬಬಹುದಾದುದು ಒಳಗಿನ ಹಂದರ. ಬಹುಪಾಲು ಸ್ಪಂಜುಗಳಲ್ಲಿ ಅದು ಸ್ಪಿಕ್ಯೂಲುಗಳೆಂಬ ಸೂಕ್ಷ್ಮವಾದ ಸೂಜಿಗಳಿಂದಾದುದು. ಕೆಲವು ಸ್ಪಂಜುಗಳಲ್ಲಿ ಇವು ಸುಣ್ಣದವು, ಹೆಚ್ಚಿನವುಗಳಲ್ಲಿ ಸಿಲಿಕದವು. ಎರಡು ತುದಿಯೂ ಚೂಪಾದವುಂಟು, ಗುಂಡುಸೂಜಿಯಂತೆ ತಲೆಯುಳ್ಳವುಂಟು, ನಾಲ್ಕು ಕವಲಿನವುಂಟು. ಗಾಜುಸ್ಪಂಜುಗಳ ಗುರುತು ಆರು ಕವಲು. ಆ ಗುಂಪಿನ ಮೊನೊರಾಫಿಸ್ ಚುನಿ ಎಂಬುದು ಸುಮಾರು 3 ಮೀಟರ್ ಉದ್ದದ ಒಂದೇ ಸೂಜಿಯನ್ನು ಬೆಳೆಸಬಲ್ಲದು! ದೊಡ್ಡ ಸೂಜಿಗಳ ನಡುವೆ ನಕ್ಷತ್ರ, ಲಂಗರು, ಬಿಲ್ಲುಗಳನ್ನು ಹೋಲುವ ಅತಿ ಸಣ್ಣವೂ ಚದರಿರುತ್ತವೆ. ದೇಹದ ಭಾರವನ್ನು ಹೊರುವುದರಲ್ಲಿ ಇವುಗಳ ಪಾಲು ಅಲ್ಪ. ಜಾತಿಯನ್ನು ಗುರುತಿಸುವವನಿಗೆ ಮಾತ್ರ ಇವು ಅಮೂಲ್ಯ. ಸ್ನಾನದ ಸ್ಪಂಜಿನಲ್ಲಿ ಸೂಜಿಗಳೇ ಇಲ್ಲ, ಸ್ಪಂಜಿನ್ ಎಂಬ ನಾರು ಮಾತ್ರ. ಅದು ಮೈಗೆ ಹಿತವಾಗಿರುವುದು ಆದುದರಿಂದಲೇ.

ಇದನ್ನು ತಿಳಿದು ಆಗಬೇಕಾದುದೇನು? ಜಪಾನಿನ ಹ್ಯಾಲಿಕಾಂಡ್ರಿಯ ಒಕಾಡಾಯ್ ಎಂಬ ಸ್ಪಂಜಿನಿಂದ 1986ರಲ್ಲಿ ವರದಿಯಾದ ಹ್ಯಾಲಿಕಾಂಡ್ರಿನ್ ಎಂಬ ವಸ್ತುವೇ ಎರಿಬುಲಿನ್ ಔಷಧಕ್ಕೆ ಮಾದರಿಯಾಯಿತು. ಸ್ತನದ ಕ್ಯಾನ್ಸರಿಗೆ ಅದನ್ನು ಕೊಡಲು ಅಮೆರಿಕದಲ್ಲಿ 2010ರಲ್ಲಿ ಅನುಮತಿ ದೊರೆಯಿತು. ಇಂತಹ ಸ್ಪಂಜಿನ ಹೆಸರನ್ನು ತಪ್ಪಾಗಿ ಬರೆದಿಟ್ಟರೆ, ಅದೇ ವಸ್ತುವನ್ನು ಮತ್ತೆ ಯಾವ ಕಡಲಿನಲ್ಲಿ ಹುಡುಕುವುದು?

ಡಿ.ಎನ್.ಎ. ಪರೀಕ್ಷೆಯಿರುವಾಗ ಸೂಜಿಗಳ ಗೊಡವೆಯೇಕೆಂದು ಕೇಳುವವರುಂಟು. ಹಂದರವೇ ಇಲ್ಲದ ಸ್ಪಂಜುಗಳಿಗೆ ಆ ಪರೀಕ್ಷೆ ಬಹಳ ನೆರವಾಗುತ್ತದೆ, ಒಪ್ಪಿದೆವು. ಆದರೆ 19ನೆಯ ಶತಮಾನದಿಂದ ಇತ್ತ ವರ್ಣಿತವಾದ ಸಾವಿರಾರು ಜಾತಿಗಳ ಹೆಸರುಗಳು ಈ ಸೂಜಿಗಳ ಆಕಾರ, ಅಳತೆ, ಜೋಡಣೆಗಳಿಗೇ ಅಂಟಿಕೊಂಡಿವೆ. ಸೂಜಿಗಳನ್ನು ಓದಲಾರದವನಿಗೆ ಡಿ.ಎನ್.ಎ. ಕೊಡುವುದು ಅಕ್ಷರಗಳ ಸಾಲನ್ನು, ಹೆಸರನ್ನಲ್ಲ.

ಪ್ರಯೋಗಕ್ಕೆ ತಗಲುವ ವೆಚ್ಚವೂ ಅಲ್ಪ. ಕಡಲೆಕಾಳಿನಷ್ಟು ಚೂರನ್ನು ನೀರಿನಲ್ಲಿ ಚೆನ್ನಾಗಿ ತೊಳೆದು, ಅಧ್ಯಾಪಕರ ಸಮ್ಮುಖದಲ್ಲಿ ಬಟ್ಟೆ ಬಿಳುಪಿಸುವ ದ್ರಾವಣದಲ್ಲಿಟ್ಟರೆ ಮಾಂಸಭಾಗ ಕರಗಿ ಸೂಜಿಗಳು ತಳಕ್ಕಿಳಿಯುತ್ತವೆ. ಅವನ್ನು ಮತ್ತೆ ಮತ್ತೆ ತೊಳೆದು ಸೂಕ್ಷ್ಮದರ್ಶಕದಡಿ ನೋಡಬಹುದು. ಸುಣ್ಣದ ಸ್ಪಂಜಾದ ಸೈಕಾನ್ ಬಹುಕಾಲ ಫಾರ್ಮಲಿನ್ನಿನಲ್ಲಿದ್ದರೆ, ಅದರ ಆಮ್ಲಾಂಶಕ್ಕೆ ಸಿಕ್ಕಿ ಸೂಜಿಗಳು ಆಗಲೇ ಸವೆದುಹೋಗಿರಬಹುದು. ಆ ಸೀಸೆಗೆ ಇನ್ನು ಮುಂದೆ ಮದ್ಯಸಾರವನ್ನು ತುಂಬುವುದೇ ಲೇಸು.